ತುಂಟ ಕೃಷ್ಣನನ್ನು ತೆರೆಗೆ ತಂದ ದಾದಾಸಾಹೇಬ ಫಾಲ್ಕೆ

ಗೋಕುಲಾಷ್ಟಮಿಯ ಮರುದಿನ ಕೊಲ್ಲಾಪುರ, ಇಚಲಕರಂಜಿ, ಗಡಹಿಂಗ್ಲಜಗಳ ಓಣಿಗಳಲ್ಲಿ ದಹಿಹಂಡಿ ಕಟ್ಟುವುದನ್ನು ನಾವೆಲ್ಲರೂ ನೋಡಿದ್ದೇವೆ. ದೊಡ್ಡ ಹುಡುಗರು ಕೆಳಗೆ, ಅವರ ಹೆಗಲ ಮೇಲೆ ನಡುವಿನವರು, ಎಲ್ಲರಿಗಿಂತ ಮೇಲೆ ಒಬ್ಬ ಪುಟ್ಟ ಪೋರ. ಅವನು ಗಡಿಗೆ ಒಡೆದಾಗ ಮೊಸರು ಎಲ್ಲರ ತಲೆಯ ಮೇಲೆ ಸುರಿಯುತ್ತದೆ. ಹಿರಿಯರು ಚಪ್ಪಾಳೆ ತಟ್ಟಿ ನಗುತ್ತಾರೆ. ಅದೇ ಪೋರ ಮರುದಿನ ಮನೆಯ ನೆಲುವಿಗೆ ಕೈ ಹಾಕಿದರೆ ಬೆನ್ನಿಗೆ ಗುದ್ದು ಬೀಳುತ್ತದೆ. ದೇವರ ಮಗನ ತುಂಟತನ ಲೀಲೆ, ನಮ್ಮ ಮಗನ ತುಂಟತನ ಪುಂಡಾಟಿಕೆ! ಹಿರಿಯರ ನ್ಯಾಯವೇ ಹೀಗೆ.

ಸಿನಿಮಾದ ವಿಷಯದಲ್ಲಿಯೂ ಹಿರಿಯರ ಹುಬ್ಬು ಬೇಗನೆ ಗಂಟಾಗುತ್ತದೆ. ಶಾಲೆಯ ಸಂಚಿಕೆಯಲ್ಲಿ ಸಿನಿಮಾದವರ ಚರಿತ್ರೆ ಏಕೆ ಎಂದು ಕೇಳುವವರೂ ಇದ್ದಾರು. ಆದರೆ ನಾವು ಹೇಳಹೊರಟಿರುವುದು ಒಬ್ಬ ತಂದೆಯ ಮತ್ತು ಅವನ ಮಕ್ಕಳ ಕಥೆಯನ್ನು. ಆ ತಂದೆ ಭಾರತೀಯ ಚಿತ್ರರಂಗದ ಪಿತಾಮಹನೆಂದು ಹೆಸರಾದ ಧುಂಡಿರಾಜ ಗೋವಿಂದ ಫಾಲ್ಕೆ. ಎಲ್ಲರ ಬಾಯಲ್ಲಿ ದಾದಾಸಾಹೇಬ ಫಾಲ್ಕೆ. ಅವರು ತಮ್ಮ ಕೊನೆಯ ಚಿತ್ರವನ್ನು ತೆಗೆದದ್ದು ಬೇರೆಲ್ಲಿಯೂ ಅಲ್ಲ, ನಮ್ಮ ಕೊಲ್ಲಾಪುರದಲ್ಲಿ.

ಚಲಚ್ಚಿತ್ರಕ್ಕೂ ತುಂಟ ಮಕ್ಕಳಿಗೂ ಹುಟ್ಟಿನಿಂದಲೇ ನಂಟು. ಫ್ರಾನ್ಸ್ ದೇಶದ ಲ್ಯುಮಿಯೇರ್ ಸಹೋದರರು 1895ರ ಡಿಸೆಂಬರ್ 28ರಂದು ಪ್ಯಾರಿಸ್ಸಿನಲ್ಲಿ ಹಣ ಕೊಟ್ಟು ಬಂದ ಪ್ರೇಕ್ಷಕರಿಗೆ ತೋರಿಸಿದ ಚಿಕ್ಕ ಚಿತ್ರಗಳಲ್ಲಿ ಒಂದು ಹೀಗಿತ್ತು: ತೋಟಗಾರನೊಬ್ಬ ರಬ್ಬರ್ ಕೊಳವೆಯಿಂದ ಗಿಡಗಳಿಗೆ ನೀರು ಹಾಯಿಸುತ್ತಿದ್ದಾನೆ. ಹಿಂದಿನಿಂದ ಒಬ್ಬ ಹುಡುಗ ಬಂದು ಕೊಳವೆಯ ಮೇಲೆ ಕಾಲಿಡುತ್ತಾನೆ. ನೀರು ನಿಲ್ಲುತ್ತದೆ. ತೋಟಗಾರ ಕೊಳವೆಯ ಬಾಯಿಗೆ ಕಣ್ಣಿಟ್ಟು ನೋಡುತ್ತಾನೆ. ಹುಡುಗ ಕಾಲು ತೆಗೆಯುತ್ತಾನೆ. ಮುಂದಿನದನ್ನು ನಾವು ಹೇಳಬೇಕಾಗಿಲ್ಲ. ಒಂದು ನಿಮಿಷವೂ ಇಲ್ಲದ ಆ ಚಿತ್ರವೇ ಜಗತ್ತಿನ ಮೊದಲ ಹಾಸ್ಯಚಿತ್ರವೆಂದು ಬಲ್ಲವರು ಎಣಿಸುತ್ತಾರೆ. 1921ರಲ್ಲಿ ಚಾರ್ಲಿ ಚಾಪ್ಲಿನ್ ತೆಗೆದ ‘ದಿ ಕಿಡ್’ ಚಿತ್ರದಲ್ಲಿ ಪುಟ್ಟ ಹುಡುಗನೊಬ್ಬ ಕಲ್ಲೆಸೆದು ಕಿಟಕಿಯ ಗಾಜು ಒಡೆಯುತ್ತಾನೆ. ಹಿಂದೆಯೇ ಅವನ ಸಾಕುತಂದೆ ಗಾಜು ಕೂಡಿಸುವ ಕಸುಬಿನವನಾಗಿ ಆ ಓಣಿಗೆ ಬರುತ್ತಾನೆ. ಆ ಚಿತ್ರ ಲೋಕವನ್ನೆಲ್ಲ ನಗಿಸಿತು, ಅಳಿಸಿತು. ಅದಕ್ಕೆ 2 ವರ್ಷ ಮೊದಲೇ, 1919ರಲ್ಲಿ, ನಮ್ಮ ನಾಸಿಕದಲ್ಲಿ ಒಂದು ಪುಟ್ಟ ಹುಡುಗಿ ತುಂಟ ಕೃಷ್ಣನಾಗಿ ತೆರೆಯ ಮೇಲೆ ಬೆಣ್ಣೆ ಕದ್ದಿದ್ದಳು. ಆಕೆ ಫಾಲ್ಕೆಯವರ ಮಗಳು ಮಂದಾಕಿನಿ.

ಫಾಲ್ಕೆಯವರು ಹುಟ್ಟಿದ್ದು 1870ರ ಏಪ್ರಿಲ್ 30ರಂದು, ನಾಸಿಕದ ಹತ್ತಿರದ ತ್ರ್ಯಂಬಕೇಶ್ವರದಲ್ಲಿ. ತಂದೆ ಸಂಸ್ಕೃತ ಪಂಡಿತರು, ದಾಜಿಶಾಸ್ತ್ರಿಗಳೆಂದು ಪ್ರಸಿದ್ಧರು. ತಂದೆಗೆ ಮುಂಬಯಿಯ ಕಾಲೇಜಿನಲ್ಲಿ ಅಧ್ಯಾಪಕ ವೃತ್ತಿ ದೊರೆತದ್ದರಿಂದ ಮನೆಯವರೆಲ್ಲ ಅಲ್ಲಿಗೆ ಹೋದರು. ವೇದಶಾಸ್ತ್ರಗಳ ಮನೆಯ ಈ ಹುಡುಗನಿಗೆ ಮಂತ್ರಕ್ಕಿಂತ ಬಣ್ಣದ ಮೇಲೆ ಪ್ರೀತಿ. 1885ರಲ್ಲಿ ಮುಂಬಯಿಯ ಜೆ. ಜೆ. ಕಲಾಶಾಲೆ ಸೇರಿದರು, ಬಳಿಕ ಬಡೋದೆಯ ಕಲಾಭವನಕ್ಕೆ ಹೋಗಿ ಚಿತ್ರಕಲೆ, ಮೂರ್ತಿಶಿಲ್ಪ, ವಾಸ್ತುಶಿಲ್ಪ, ಛಾಯಾಗ್ರಹಣಗಳನ್ನು ಕಲಿತರು. ಒಂದನ್ನು ಕೈಗೆತ್ತಿಕೊಂಡು ಅದು ಕೈಗೆ ಹತ್ತುವಷ್ಟರಲ್ಲಿ ಇನ್ನೊಂದರ ಮೇಲೆ ಕಣ್ಣು. ಇಂಥ ವಿದ್ಯಾರ್ಥಿಯನ್ನು ಇಂದಿನ ತಂದೆತಾಯಿಗಳು ಚಂಚಲನೆಂದು ಬೈಯದೆ ಬಿಡುತ್ತಿರಲಿಲ್ಲ. ಆದರೆ ಹೀಗೆ ಕಲಿತ ಒಂದೊಂದು ವಿದ್ಯೆಯೂ ಮುಂದೆ ಅವರಿಗೆ ಬೇಕಾಯಿತು.

ಗುಜರಾತಿನ ಗೋಧ್ರಾದಲ್ಲಿ ಫೋಟೋ ತೆಗೆಯುವ ಅಂಗಡಿ ಇಟ್ಟರು. ಅಷ್ಟರಲ್ಲಿ ಪ್ಲೇಗು ಬಂತು. ನಮ್ಮ ಅಜ್ಜ ಅಜ್ಜಿಯರು ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಂಡು ಇದ್ದದ್ದೂ ಇದೇ ಮಾರಿಗೆ ಹೆದರಿ. ಫಾಲ್ಕೆಯವರ ಮೊದಲ ಹೆಂಡತಿ ಮತ್ತು ಮಗು ಅದಕ್ಕೆ ಬಲಿಯಾದರು. ಮರಳಿ ಬಡೋದೆಗೆ ಬಂದು ಅಂಗಡಿ ತೆರೆದರೆ, ಕ್ಯಾಮರಾ ಮನುಷ್ಯನ ಶಕ್ತಿಯನ್ನು ಹೀರಿಕೊಳ್ಳುತ್ತದೆ ಎಂಬ ಸುದ್ದಿ ಹಬ್ಬಿ ಗಿರಾಕಿಗಳೇ ಬರಲಿಲ್ಲ. ಆಗ ಅವರು ಇಂದ್ರಜಾಲ ಕಲಿತರು. ಕಾರ್ಲ್ ಹರ್ಟ್ಸ್ ಎಂಬ ಪಾಶ್ಚಾತ್ಯ ಜಾದೂಗಾರನಿಂದ ಕಲಿತರೆಂದು ಹೇಳುತ್ತಾರೆ. ವೇದಿಕೆಯ ಮೇಲೆ ಅವರ ಹೆಸರು ಪ್ರೊಫೆಸರ್ ಕೆಲ್ಫಾ. ಈ ಹೆಸರು ಎಲ್ಲಿಂದ ಬಂತು ಎಂದು ವಿದ್ಯಾರ್ಥಿ ಮಿತ್ರರು ಕೇಳಿದರೆ, ಫಾಲ್ಕೆ ಎಂಬುದನ್ನು ಹಿಂದಿನಿಂದ ಮುಂದಕ್ಕೆ ಓದಿ ನೋಡಲಿ! ಹೆಂಡತಿ ಮಗುವನ್ನು ಕಳೆದುಕೊಂಡು, ವ್ಯಾಪಾರ ಕೆಟ್ಟು ಕುಳಿತ ಮೂವತ್ತು ವರ್ಷದ ಮನುಷ್ಯ ತನ್ನ ಹೆಸರಿನೊಂದಿಗೆ ಶಾಲೆಯ ಹುಡುಗನ ಹಾಗೆ ಆಟವಾಡಿದನೆಂಬುದು ನಮಗೆ ಬಹಳ ಹಿಡಿಸಿದ ಸಂಗತಿ.

1902ರಲ್ಲಿ ಅವರಿಗೆ ಮರುಮದುವೆಯಾಯಿತು. ವಧು ಗಿರಿಜಾ ಕರಂದೀಕರ. ಕಿರ್ಲೋಸ್ಕರ ನಾಟಕ ಮಂಡಳಿಯ ಮಾಲಕರ ಸೋದರ ಸಂಬಂಧಿ. ಆ ಮಂಡಳಿಯನ್ನು ಕಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು ನಮ್ಮ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಮದುವೆಯ ನಂತರ ಗಿರಿಜಾ ಸರಸ್ವತಿಬಾಯಿಯಾದರು. ಈ ತಾಯಿಯ ಹೆಸರನ್ನು ಓದುಗರು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕು. ಆಮೇಲೆ ಫಾಲ್ಕೆಯವರು ಕೆಲವು ವರ್ಷ ಪುರಾತತ್ವ ಇಲಾಖೆಯಲ್ಲಿ ನೌಕರಿ ಮಾಡಿದರು, ಬಿಟ್ಟರು. ಲೋಣಾವಳದಲ್ಲಿ ಮುದ್ರಣಾಲಯ ಹಾಕಿ ರಾಜಾ ರವಿವರ್ಮರ ದೇವದೇವಿಯರ ಚಿತ್ರಗಳ ಅಚ್ಚಿನ ಕೆಲಸ ಮಾಡಿದರು. ಬಣ್ಣದ ಮುದ್ರಣದ ಯಂತ್ರಕ್ಕಾಗಿ 1909ರಲ್ಲಿ ಜರ್ಮನಿಗೂ ಹೋಗಿಬಂದರು. ಪಾಲುದಾರರೊಡನೆ ಮನಸ್ತಾಪವಾಗಿ ಅದನ್ನೂ ಬಿಟ್ಟರು. ನಾಲ್ವತ್ತು ದಾಟಿದ್ದರು, ಕೈಯಲ್ಲಿ ಕೆಲಸವಿರಲಿಲ್ಲ.

ಈಗ ಕಥೆಯೊಳಕ್ಕೆ ಒಬ್ಬ ಹುಡುಗ ಬರುತ್ತಾನೆ. 1911ರ ಏಪ್ರಿಲ್ ತಿಂಗಳು, ಈಸ್ಟರ್ ಹಬ್ಬದ ದಿನಗಳು. ಫಾಲ್ಕೆಯವರು ಹಿರಿಯ ಮಗ ಭಾಲಚಂದ್ರನನ್ನು ಕರೆದುಕೊಂಡು ಮುಂಬಯಿಯ ಗಿರಗಾಂವದ ಚಿತ್ರಮಂದಿರಕ್ಕೆ ಹೋದರು. ಅಲ್ಲಿ ಕಾಡುಪ್ರಾಣಿಗಳ ಚಿತ್ರವೊಂದು ನಡೆದಿತ್ತು. ಬಟ್ಟೆಯ ಪರದೆಯ ಮೇಲೆ ಪ್ರಾಣಿಗಳು ಓಡಾಡುವುದನ್ನು ಕಂಡ ಹುಡುಗ ಮನೆಗೆ ಬಂದು ತಾಯಿಯ ಮುಂದೆ ಎಲ್ಲವನ್ನೂ ಹೇಳಿದ. ಮನೆಯಲ್ಲಿ ಯಾರೂ ನಂಬಲಿಲ್ಲ. ಹುಡುಗನ ಮಾತು ಎಂದರೆ ಹಾಗೆಯೇ ಅಲ್ಲವೇ? ತಂದೆಯಾದವನು ಅಲ್ಲಿಯೇ ಅದನ್ನು ಬಿಟ್ಟುಬಿಡಬಹುದಾಗಿತ್ತು. ಫಾಲ್ಕೆಯವರು ಬಿಡಲಿಲ್ಲ. ಮಗನ ಮಾತು ಸುಳ್ಳಲ್ಲವೆಂದು ತೋರಿಸಲು ಮರುದಿನ ಮನೆಮಂದಿಯನ್ನೆಲ್ಲ ಕಟ್ಟಿಕೊಂಡು ಅದೇ ಚಿತ್ರಮಂದಿರಕ್ಕೆ ಹೋದರು. ಹಬ್ಬದ ನಿಮಿತ್ತ ಅಂದು ಚಿತ್ರ ಬದಲಾಗಿತ್ತು. ತೆರೆಯ ಮೇಲೆ ಯೇಸುಕ್ರಿಸ್ತನ ಜೀವನ ನಡೆದಿತ್ತು. ಅದನ್ನು ನೋಡುತ್ತ ಕುಳಿತ ಫಾಲ್ಕೆಯವರ ಕಣ್ಣೆದುರು ಗೋಕುಲ ಬಂತು, ಅಯೋಧ್ಯೆ ಬಂತು. ನಮ್ಮ ಕೃಷ್ಣನೂ ನಮ್ಮ ರಾಮನೂ ಹೀಗೆ ತೆರೆಯ ಮೇಲೆ ನಡೆದಾಡಲಾರರೇ ಎಂಬ ಹಂಬಲ ಅಂದು ಹುಟ್ಟಿತು. ಮಗುವಿನ ಮಾತನ್ನು ನಂಬದ ಮನೆಯವರಿಗೂ ನಾವು ಒಂದು ನಮಸ್ಕಾರ ಹೇಳಬೇಕು. ಅವರು ನಂಬಿಬಿಟ್ಟಿದ್ದರೆ ಎರಡನೆಯ ದಿನದ ಆಟಕ್ಕೆ ಯಾರೂ ಹೋಗುತ್ತಿರಲಿಲ್ಲ.

ಅಂದಿನಿಂದ ಹುಚ್ಚು ಹಿಡಿಯಿತು. ಒಂದು ಚಿಕ್ಕ ಯಂತ್ರ ಮತ್ತು ಚಿತ್ರದ ಸುರುಳಿಗಳನ್ನು ಕೊಂಡುತಂದು, ಮೇಣಬತ್ತಿಯ ಬೆಳಕಿನಲ್ಲಿ ಮನೆಯ ಗೋಡೆಯ ಮೇಲೆ ಚಿತ್ರ ಬೀಳಿಸಿ ನೋಡುವರು. ಉಳಿದ ಹೊತ್ತೆಲ್ಲ ಚಿತ್ರಮಂದಿರದಲ್ಲಿ. ನಿದ್ದೆ ದಿನಕ್ಕೆ ಮೂರೇ ತಾಸು. ಕೊನೆಗೆ ಕಣ್ಣುಗಳೇ ಮುಷ್ಕರ ಹೂಡಿದವು. ಕೆಲಕಾಲ ಏನೂ ಕಾಣದಂತಾಯಿತು. ವೈದ್ಯರ ಆರೈಕೆಯಿಂದ ದೃಷ್ಟಿ ಮರಳಿತು. ಜೀವವಿಮೆಯ ಪಾಲಿಸಿಗಳನ್ನು ಒತ್ತೆಯಿಟ್ಟು ಹತ್ತು ಸಾವಿರ ರೂಪಾಯಿ ಎತ್ತಿ, 1912ರ ಫೆಬ್ರವರಿಯಲ್ಲಿ ಲಂಡನ್ನಿಗೆ ಹೊರಟರು. ಅಲ್ಲಿ ಸಿನಿಮಾ ಪತ್ರಿಕೆಯ ಸಂಪಾದಕರೊಬ್ಬರ ನೆರವಿನಿಂದ ಸೆಸಿಲ್ ಹೆಪ್‌ವರ್ತ್ ಎಂಬ ನಿರ್ಮಾಪಕರ ಸ್ಟುಡಿಯೋವನ್ನು ಕಣ್ಣಾರೆ ಕಂಡರು. 50 ಪೌಂಡು ಕೊಟ್ಟು ವಿಲಿಯಮ್ಸನ್ ಕಂಪನಿಯ ಕ್ಯಾಮರಾ ಕೊಂಡು ಏಪ್ರಿಲ್ ಒಂದರಂದು ಮನೆಗೆ ಮರಳಿದರು.

ಆ ಕ್ಯಾಮರಾದ ಕೆಲಸವನ್ನು ವಿದ್ಯಾರ್ಥಿಗಳಿಗೆ ಇಲ್ಲಿಯೇ ಹೇಳಿಬಿಡುತ್ತೇವೆ. ಅದಕ್ಕೆ ವಿದ್ಯುತ್ತಿಲ್ಲ, ಬದಿಯಲ್ಲಿ ಒಂದು ಹಿಡಿಕೆ. ಅದನ್ನು ಕೈಯಿಂದ ತಿರುಗಿಸಬೇಕು. ಒಂದು ಸುತ್ತಿಗೆ ಎಂಟು ಚಿತ್ರಗಳು ಮೂಡುತ್ತವೆ. ಸೆಕೆಂಡಿಗೆ ಎರಡು ಸುತ್ತು, ಹದಿನಾರು ಚಿತ್ರಗಳು. ಕೈ ಅವಸರ ಮಾಡಿದರೆ ತೆರೆಯ ಮೇಲಿನ ಮನುಷ್ಯ ನಿಧಾನವಾಗುತ್ತಾನೆ, ಕೈ ಸೋತರೆ ಅವನು ಕುಣಿದಾಡುತ್ತಾನೆ. ಇಚಲಕರಂಜಿಯ ನೇಕಾರರ ಮನೆಯ ಮಕ್ಕಳಿಗೆ ಕೈಯ ಈ ಹದ ಹೇಳಿಕೊಡಬೇಕಾಗಿಲ್ಲ. ಲಾಳಿಯ ಓಟ ತಪ್ಪಿದರೆ ಬಟ್ಟೆಯಲ್ಲಿ ಏನಾಗುವುದೆಂದು ಅವರು ಬಲ್ಲರು. ಲಂಡನ್ನಿನಿಂದ ಬಂದ ಕಚ್ಚಾ ಫಿಲ್ಮಿನ ಅಂಚಿಗೆ ತೂತುಗಳಿರಲಿಲ್ಲ. ಕತ್ತಲೆಕೋಣೆಯಲ್ಲಿ ಕುಳಿತು ಅಳತೆಗೆ ಸರಿಯಾಗಿ ಆ ತೂತುಗಳನ್ನು ಹಾಕಿದವರು ಸರಸ್ವತಿಬಾಯಿ.

ಮೊದಲ ಪ್ರಯೋಗ ಒಂದು ಬಟಾಣಿ ಕಾಳಿನ ಮೇಲೆ. ಕುಂಡದಲ್ಲಿ ಕಾಳು ಬಿತ್ತಿ, ಅದರ ಮುಂದೆ ಕ್ಯಾಮರಾ ನಿಲ್ಲಿಸಿ, ದಿನಕ್ಕೆ ಒಂದೇ ಒಂದು ಚಿತ್ರದಂತೆ ಒಂದು ತಿಂಗಳಿಗೂ ಮೇಲ್ಪಟ್ಟು ತೆಗೆಯುತ್ತ ಹೋದರು. ತೆರೆಯ ಮೇಲೆ ಓಡಿಸಿದಾಗ ಮೊಳಕೆ ನೆಲ ಸೀಳಿ ಬಂದು ನೋಡನೋಡುತ್ತ ಬಳ್ಳಿಯಾಯಿತು! ಈ ಬಟಾಣಿಯನ್ನು ನೋಡಿಯೇ ಸಾಲ ಕೊಡುವವರು ಮುಂದೆ ಬಂದರು. 1915ರಲ್ಲಿ ಬೆಂಕಿಕಡ್ಡಿಗಳೇ ಎದ್ದು ಕುಣಿಯುವ ಚಿಕ್ಕ ಚಿತ್ರವನ್ನೂ ಹೀಗೆಯೇ ತೆಗೆದರು. ಕಡ್ಡಿಗಳನ್ನು ಕೂದಲೆಳೆಯಷ್ಟು ಸರಿಸುವುದು, ಒಂದು ಚಿತ್ರ ತೆಗೆಯುವುದು. ಮತ್ತೆ ಸರಿಸುವುದು, ಮತ್ತೆ ತೆಗೆಯುವುದು. ಬೆಂಕಿಕಡ್ಡಿಯ ಜೊತೆ ಆಡಬೇಡವೆಂದು ಮಕ್ಕಳಿಗೆ ಹೇಳುವ ವಯಸ್ಸಿನಲ್ಲಿ ಫಾಲ್ಕೆಯವರು ತಾವೇ ಆಡುತ್ತ ಕುಳಿತಿದ್ದರು.

‘ರಾಜಾ ಹರಿಶ್ಚಂದ್ರ’ ಚಿತ್ರದ ಸಂಗತಿ ಎಲ್ಲರಿಗೂ ಗೊತ್ತಿರುವುದರಿಂದ ಸಂಕ್ಷೇಪವಾಗಿ ಹೇಳುತ್ತೇವೆ. ಮರಾಠಿ ಬಲ್ಲ ಪಾಲಕರು 2009ರ ‘ಹರಿಶ್ಚಂದ್ರಾಚೀ ಫ್ಯಾಕ್ಟರಿ’ ಚಿತ್ರದಲ್ಲಿ ಇದನ್ನೆಲ್ಲ ನೋಡಿ ನಕ್ಕಿರಬಹುದು. ಪಾತ್ರಕ್ಕೆ ಹೆಂಗಸರು ಸಿಗಲಿಲ್ಲ. ಖಾನಾವಳಿಯಲ್ಲಿ ಕೆಲಸಕ್ಕಿದ್ದ ಅಣ್ಣಾ ಸಾಳುಂಕೆ ಎಂಬ ತರುಣ ತಾರಾಮತಿಯಾದ. ಹೊರಾಂಗಣದ ಕೆಲಸಕ್ಕೆ ಹಳ್ಳಿಗೆ ಹೋದಾಗ ಕತ್ತಿ ಈಟಿ ಹಿಡಿದ ಈ ತಂಡವನ್ನು ಕಂಡು ಊರವರು ದರೋಡೆಕೋರರೆಂದೇ ತಿಳಿದರು, ಫೌಜದಾರರು ಹಿಡಿದು ಕೂಡಿಸಿದರು. ಫಾಲ್ಕೆಯವರು ಕ್ಯಾಮರಾದಲ್ಲಿ ಫಿಲ್ಮು ಹಾಕದೆಯೇ ಹಿಡಿಕೆ ತಿರುಗಿಸಿ, ಅವರ ಮುಂದೆ ಒಂದು ದೃಶ್ಯ ಆಡಿಸಿ ತೋರಿಸಿ ಬಿಡಿಸಿಕೊಂಡು ಬಂದರು. ಅರವತ್ತು ಎಪ್ಪತ್ತು ಜನರ ಅಡಿಗೆ ಸರಸ್ವತಿಬಾಯಿಯದು. ಬಿಸಿಲಿನಲ್ಲಿ ಬಿಳಿಯ ಚಾದರ ಹಿಡಿದು ಬೆಳಕನ್ನು ಪಾತ್ರಧಾರಿಗಳ ಮೇಲೆ ಬೀಳಿಸುವ ಕೆಲಸವೂ ಅವರದೇ. 1913ರ ಮೇ 3ರಂದು ಗಿರಗಾಂವದ ಕಾರೋನೇಶನ್ ಚಿತ್ರಮಂದಿರದಲ್ಲಿ ಭಾರತದ ಮೊದಲ ಪೂರ್ಣ ಕಥಾಚಿತ್ರ ಜನರ ಮುಂದೆ ಬಂತು.

ಆದರೆ ಒಂದು ಸಂಗತಿಯನ್ನು ಸಂಕ್ಷೇಪಿಸಲು ನಮಗೆ ಮನಸ್ಸಾಗುವುದಿಲ್ಲ. ಆ ಚಿತ್ರದಲ್ಲಿ ಹರಿಶ್ಚಂದ್ರನ ಮಗ ರೋಹಿದಾಸನ ಪಾತ್ರ ಭಾಲಚಂದ್ರನದು. ಮನೆಗೆ ಓಡಿಬಂದು ಪ್ರಾಣಿಗಳ ಸುದ್ದಿ ಹೇಳಿದ ಅದೇ ಹುಡುಗ. ಹೊರಾಂಗಣದಲ್ಲಿ ಒಂದು ದಿನ ಅವನು ಬಂಡೆಗಳ ಮೇಲೆ ಬಿದ್ದು ತಲೆಗೆ ಪೆಟ್ಟಾಗಿ ಪ್ರಜ್ಞೆ ತಪ್ಪಿದ. ತಂದೆ ಗಾಯಕ್ಕೆ ಔಷಧ ಕಟ್ಟಿದರು. ಎಚ್ಚರವಾಗುವ ತನಕ ಕೆಲಸ ನಿಲ್ಲಿಸೋಣವೆಂದು ಜೊತೆಯವರು ಹೇಳಿದರು. ಅಂದು ತೆಗೆಯಬೇಕಾಗಿದ್ದದ್ದು ರೋಹಿದಾಸನ ಶವ ಚಿತೆಯ ಮೇಲಿರುವ ದೃಶ್ಯ. ಫಾಲ್ಕೆಯವರು ಎಚ್ಚರವಿಲ್ಲದ ಮಗನನ್ನೇ ಮಲಗಿಸಿ ದೃಶ್ಯ ಮುಗಿಸಿದರು. ಸಾಲದ ದಿನಗಳು, ಹಣ ಕರಗುತ್ತಿತ್ತು, ಬೆಳಕು ಹೋದರೆ ಒಂದು ದಿನ ಹೋಯಿತು, ಇವೆಲ್ಲ ನಿಜ. ಆದರೂ ನಮ್ಮ ಮನೆಯ ಮಕ್ಕಳನ್ನು ನೆನೆದಾಗ ಈ ದೃಶ್ಯವನ್ನು ನಾವು ಮೆಚ್ಚಲಾರೆವು. ಮಹಾಪುರುಷರ ಚರಿತ್ರೆ ಬರೆಯುವಾಗ ಇಂಥದನ್ನು ಮುಚ್ಚಿಡುವ ರೂಢಿಯುಂಟು; ನಮಗೆ ಅದು ಸರಿಕಾಣುವುದಿಲ್ಲ. ಹುಡುಗ ಚೇತರಿಸಿಕೊಂಡನು, ಚಿತ್ರ ಹೆಸರಾಯಿತು.

ಫಾಲ್ಕೆಯವರು ಕಾರ್ಖಾನೆಯನ್ನು ನಾಸಿಕಕ್ಕೆ ಒಯ್ದರು. ‘ಮೋಹಿನಿ ಭಸ್ಮಾಸುರ’, ‘ಸತ್ಯವಾನ ಸಾವಿತ್ರಿ’ ಬಂದವು. ದೊಡ್ಡ ಚಿತ್ರದ ಜೊತೆಗೆ ಜನರನ್ನು ನಗಿಸಲು ಚಿಕ್ಕ ವಿನೋದ ಚಿತ್ರಗಳನ್ನೂ ಜೋಡಿಸುತ್ತಿದ್ದರು. ಊಟದೊಡನೆ ಉಪ್ಪಿನಕಾಯಿ ಇದ್ದಂತೆ. 1914ರಲ್ಲಿ ಮತ್ತೆ ಲಂಡನ್ನಿಗೆ ಹೋಗಿ ತಮ್ಮ ಚಿತ್ರಗಳನ್ನು ತೋರಿಸಿ ಹೊಗಳಿಕೆ ಪಡೆದು ಬಂದರು. ಅಷ್ಟರಲ್ಲಿ ಮೊದಲ ಮಹಾಯುದ್ಧ ಹತ್ತಿಕೊಂಡಿತು. ಹಣ ಕೊಡುವವರು ಕೈ ಹಿಂದೆಗೆದರು. 1917ರಲ್ಲಿ ‘ಲಂಕಾದಹನ’ ಬಂದಾಗ ಅದೃಷ್ಟ ಮರಳಿತು. ಅದರಲ್ಲಿ ರಾಮನೂ ಅಣ್ಣಾ ಸಾಳುಂಕೆಯೇ, ಸೀತೆಯೂ ಅವನೇ! ಮುಂಬಯಿಯಲ್ಲಿ ಬೆಳಗಿನ ಏಳರಿಂದ ನಡುರಾತ್ರಿಯವರೆಗೆ ಆಟದ ಮೇಲೆ ಆಟ ನಡೆದವು. 1918ರ ಆರಂಭದಲ್ಲಿ ಮುಂಬಯಿಯ ಶ್ರೀಮಂತರು ಪಾಲುದಾರರಾಗಿ ಹಿಂದುಸ್ಥಾನ ಸಿನೆಮಾ ಫಿಲ್ಮ್ಸ್ ಕಂಪನಿ ಹುಟ್ಟಿತು. ಆಗ ಫಾಲ್ಕೆಯವರು ಏಳು ವರ್ಷ ಮನಸ್ಸಿನಲ್ಲಿ ಇಟ್ಟುಕೊಂಡಿದ್ದ ಕೃಷ್ಣನನ್ನು ಹೊರಗೆ ತೆಗೆದರು.

ಕೃಷ್ಣನ ಪಾತ್ರಕ್ಕೆ ಯಾರು? ಸುಂದರ ಹುಡುಗರಿಗೆ ಬರವಿರಲಿಲ್ಲ. ಫಾಲ್ಕೆಯವರ ಕಣ್ಣು ಮನೆಯಲ್ಲಿ ಆಡಿಕೊಂಡಿದ್ದ ಮಗಳು ಮಂದಾಕಿನಿಯ ಮೇಲೆ ಬಿತ್ತು. ಐದಾರು ವರ್ಷ ಮೊದಲು ತಾರಾಮತಿಯ ಪಾತ್ರಕ್ಕೆ ಒಬ್ಬ ಹೆಂಗಸೂ ಸಿಗದೆ ಗಂಡಸಿಗೆ ಸೀರೆ ಉಡಿಸಿದವರು ಈಗ ಹುಡುಗನ ಪಾತ್ರಕ್ಕೆ ಹುಡುಗಿಗೆ ನವಿಲುಗರಿ ಮುಡಿಸಿದರು. ‘ಶ್ರೀಕೃಷ್ಣ ಜನ್ಮ’ 1918ರ ಆಗಸ್ಟ್ ತಿಂಗಳಲ್ಲಿ ಬಂತು. ಅದರಲ್ಲಿ ಭಯಗೊಂಡ ಕಂಸನ ತಲೆ ದೇಹದಿಂದ ಬೇರೆಯಾಗಿ ಮೇಲಕ್ಕೆ ತೇಲಿಹೋಗಿ ಮತ್ತೆ ಬಂದು ಕುತ್ತಿಗೆಗೆ ಕೂಡುತ್ತದೆ. ಇದು ಪ್ರೊಫೆಸರ್ ಕೆಲ್ಫಾನ ಕೈಚಳಕ. ಇಂಥ ಚಮತ್ಕಾರಗಳಿಗೆ ಆಗಿನವರ ಉಪಾಯ ಇದು: ಪಾತ್ರಧಾರಿಯ ಒಂದು ಭಾಗವನ್ನು ಕಪ್ಪು ಬಟ್ಟೆಯಿಂದ ಮುಚ್ಚಿ ಚಿತ್ರ ತೆಗೆಯುವುದು. ಕಪ್ಪು ಇದ್ದಲ್ಲಿ ಫಿಲ್ಮಿನ ಮೇಲೆ ಏನೂ ಮೂಡುವುದಿಲ್ಲ. ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಆ ಖಾಲಿ ಜಾಗದಲ್ಲಿ ಬೇರೆ ಚಿತ್ರ ತೆಗೆಯುವುದು. ಎಲ್ಲವೂ ಕ್ಯಾಮರಾದೊಳಗೇ ನಡೆಯಬೇಕು. ಸುತ್ತುಗಳ ಎಣಿಕೆ ಒಂದು ತಪ್ಪಿದರೆ ಎಲ್ಲ ಹಾಳು.

ಮರುವರ್ಷ ‘ಕಾಳಿಯ ಮರ್ದನ’. ನಾವು ಕನ್ನಡಿಗರು ಕಾಳಿಂಗ ಮರ್ದನ ಎನ್ನುವ ಕಥೆಯೇ ಅದು. ಹಾವಿನ ಕಥೆ ಕೊನೆಗೆ ಬರುತ್ತದೆ. ಅದಕ್ಕೂ ಮುಂಚಿನದೆಲ್ಲ ಮಕ್ಕಳ ಆಟ. ಒಬ್ಬಾಕೆ ಕೃಷ್ಣನ ಸಂಗಡಿಗರಲ್ಲಿ ಒಬ್ಬರ ಮೇಲೆ ನೀರೆರಚಿ ಅವಮಾನ ಮಾಡುತ್ತಾಳೆ. ಸೇಡು ತೀರಬೇಡವೇ? ಮಕ್ಕಳ ದಂಡು ಆಕೆಯ ಮನೆಗೆ ನುಗ್ಗಿ ಬೆಣ್ಣೆ ಖಾಲಿ ಮಾಡುತ್ತದೆ. ಸಿಕ್ಕಿಬಿದ್ದವರಿಗೆ ಏಟು. ಪೆಟ್ಟು ತಿಂದ ಗೆಳೆಯನಿಗೆ ಕೃಷ್ಣ ತನಗೆ ಬಂದ ಹಣ್ಣನ್ನು ಕೊಟ್ಟು ಸಮಾಧಾನ ಮಾಡುತ್ತಾನೆ. ಇನ್ನೊಂದು ರಾತ್ರಿ ಶ್ರೀಮಂತ ವ್ಯಾಪಾರಿಯೊಬ್ಬನ ಮಲಗುವ ಕೋಣೆಗೆ ಮೆಲ್ಲಗೆ ಹೋಗಿ, ಗೊರಕೆ ಹೊಡೆಯುವ ಗಂಡನ ಗಡ್ಡಕ್ಕೂ ಹೆಂಡತಿಯ ಕೂದಲಿಗೂ ಗಂಟು ಹಾಕುತ್ತಾನೆ. ಎಚ್ಚರವಾದ ಇಬ್ಬರೂ ಎಳೆದಾಡುವುದನ್ನು ನೋಡಿ ಗಂಭೀರ ಮುಖದ ಹಿರಿಯರೂ ನಗದೆ ಇರಲಾರರು. ಮಾತಿಲ್ಲದ ಚಿತ್ರ, ತೆರೆಯ ಮುಂದೆ ಪೆಟ್ಟಿಗೆ, ತಬಲಾ ಬಾರಿಸುವವರು ಮಾತ್ರ. ಆದರೂ ಈ ತಮಾಷೆಯನ್ನು ತಿಳಿಯಲು ಯಾವ ಭಾಷೆಯೂ ಬೇಡ; ಕನ್ನಡ ಮನೆಯ ಮಗುವೂ ಮರಾಠಿ ಮನೆಯ ಮಗುವೂ ಒಂದೇ ಹೊತ್ತಿಗೆ ನಗುತ್ತದೆ.

ಆಮೇಲೆ ಕೃಷ್ಣ ಮರ ಹತ್ತಿ ಯಮುನೆಗೆ ಹಾರುತ್ತಾನೆ. ಹಿರಣ್ಯಕೇಶಿಯ ಇಲ್ಲವೆ ಪಂಚಗಂಗೆಯ ದಂಡೆಯ ಹುಡುಗರಿಗೆ ಈ ಹಾರುವಿಕೆ ಚೆನ್ನಾಗಿ ಗೊತ್ತು. ದಂಡೆಯಲ್ಲಿ ನಿಂತು ಕೂಗುವ ತಾಯಿಯೂ ಗೊತ್ತು. ಚಿತ್ರದಲ್ಲಿ ಯಶೋದೆಯೂ ಊರವರೂ ದಂಡೆಯಲ್ಲಿ ಗೋಳಾಡುತ್ತಾರೆ, ನೀರಿನೊಳಗೆ ಮಗು ಹೆಡೆಯೆತ್ತಿದ ಸರ್ಪದೊಡನೆ ಸೆಣಸುತ್ತದೆ, ಕಾಳಿಯನ ಹೆಂಡಿರು ಗಂಡನನ್ನು ಬಿಡೆಂದು ಬೇಡುತ್ತಾರೆ. ಬೆಣ್ಣೆ ಕದ್ದ ಕೈಗಳೇ ಸರ್ಪವನ್ನು ಮಣಿಸುತ್ತವೆ. ಭಕ್ತರು ಇದರಲ್ಲಿ ದೇವರನ್ನು ಕಂಡರು. ನಾವು ಮತ್ತೆ ಮತ್ತೆ ನೆನೆಯುವುದು ಆ ಹುಡುಗಿಯನ್ನು. 1919ರಲ್ಲಿ ಎಷ್ಟು ಮನೆಗಳ ಹೆಣ್ಣುಮಕ್ಕಳಿಗೆ ಮರ ಹತ್ತಲು, ಹುಡುಗರ ದಂಡಿಗೆ ನಾಯಕಿಯಾಗಲು, ದೊಡ್ಡವರ ಗಡ್ಡಕ್ಕೆ ಗಂಟು ಹಾಕಲು ಅಪ್ಪಣೆ ಇತ್ತು? ಆ ವಯಸ್ಸಿಗೆ ಮದುವೆಯ ಮಾತು ಬರುತ್ತಿದ್ದ ಕಾಲವದು. ಮಂದಾಕಿನಿಗೆ ಅಪ್ಪಣೆ ಕೊಟ್ಟವರು ಸ್ವತಃ ತಂದೆ. ಕೊಟ್ಟದ್ದಲ್ಲದೆ ಹಿಡಿಕೆ ತಿರುಗಿಸಿ ಊರೂರಿಗೆ ತೋರಿಸಿದರು. ಮಗನ ವಿಷಯದಲ್ಲಿ ನಮಗಿದ್ದ ಮುನಿಸು ಇಲ್ಲಿ ಅರ್ಧ ಇಳಿಯುತ್ತದೆ.

ಕೀರ್ತಿಯ ತುದಿಯಲ್ಲಿ ಪಾಲುದಾರರಿಗೂ ಅವರಿಗೂ ಖರ್ಚಿನ ವಿಷಯದಲ್ಲಿ ಜಗಳ ಹತ್ತಿತು. ಫಾಲ್ಕೆಯವರು ಕಂಪನಿ ಬಿಟ್ಟು ಸಂಸಾರ ಸಮೇತ ಕಾಶಿಗೆ ಹೋಗಿ ಕುಳಿತರು. ಅಲ್ಲಿ ‘ರಂಗಭೂಮಿ’ ಎಂಬ ಮರಾಠಿ ನಾಟಕ ಬರೆದರು. 1922ರಲ್ಲಿ ಮರಳಿ ಅದೇ ಕಂಪನಿಗೆ ಬಂದರು. ಚಿತ್ರಗಳು ಬಂದವು, ಹೋದವು. ಜನರ ರುಚಿ ಬದಲಾಗುತ್ತಿತ್ತು.

ಅಷ್ಟರಲ್ಲಿ ಅವರು ಹಚ್ಚಿದ ದೀಪದ ಬೆಳಕು ನಮ್ಮ ಕಡೆಗೆ ಬಿದ್ದಿತ್ತು. ಕೊಲ್ಲಾಪುರದ ಬಾಬುರಾವ್ ಮೇಸ್ತ್ರಿ, ಅಂದರೆ ಬಾಬುರಾವ್ ಪೇಂಟರ್, ತಮ್ಮ ಕೈಯಿಂದಲೇ ಕ್ಯಾಮರಾ ಮಾಡಿ ಮಹಾರಾಷ್ಟ್ರ ಫಿಲ್ಮ್ ಕಂಪನಿ ಕಟ್ಟಿದರು. 1920ರಲ್ಲಿ ‘ಸೈರಂಧ್ರಿ’ ತೆಗೆದರು. ಆ ಕಂಪನಿಗೆ ಸೇರಿದ ತರುಣರಲ್ಲಿ ಶಾಂತಾರಾಮ ಒಬ್ಬರು. ಅವರು ಅದಕ್ಕೆ ಮೊದಲು ನಮ್ಮ ಹುಬ್ಬಳ್ಳಿಯಲ್ಲಿ ರೈಲ್ವೆ ಕಾರ್ಖಾನೆಯಲ್ಲಿ ದುಡಿದು, ತಗಡಿನ ಸಿನಿಮಾ ಮಂದಿರವೊಂದರಲ್ಲಿ ಬಾಗಿಲು ಕಾಯ್ದವರು. ಅದೇ ಶಾಂತಾರಾಮರು ಗೆಳೆಯರೊಡನೆ 1929ರಲ್ಲಿ ಕೊಲ್ಲಾಪುರದಲ್ಲಿ ಪ್ರಭಾತ ಕಂಪನಿ ಕಟ್ಟಿದಾಗ ಮೊದಲು ತೆಗೆದ ಮೂಕಿಚಿತ್ರ ಯಾವುದು? ‘ಗೋಪಾಲಕೃಷ್ಣ’. ಮರುವರ್ಷ ಅವರು ತೆಗೆದ ‘ರಾಣಿಸಾಹೇಬಾ’ ಅಥವಾ ‘ಬಜಾರ್‌ಬಟ್ಟು’ ಚಿತ್ರವನ್ನು ದೇಶದ ಮೊದಲ ಮಕ್ಕಳ ಚಿತ್ರವೆಂದು ಹೇಳುವುದುಂಟು. ನಾಸಿಕದ ತುಂಟ ಕೃಷ್ಣ ಹತ್ತು ವರ್ಷಗಳಲ್ಲಿ ಪಂಚಗಂಗೆಯ ದಂಡೆಗೆ ಬಂದು ಆಡತೊಡಗಿದ್ದ.

ಆಮೇಲೆ ಚಿತ್ರಗಳಿಗೆ ಮಾತು ಬಂತು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ತಯಾರಾದದ್ದೂ ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿಯೇ. 1934ರ ಮಾರ್ಚ್ 3ರಂದು ಅದು ಬೆಂಗಳೂರಿನಲ್ಲಿ ತೆರೆಕಂಡಿತು. ಅದೇ ವರ್ಷದ ಡಿಸೆಂಬರಿನಲ್ಲಿ ಕೊಲ್ಲಾಪುರದ ರಾಜಾರಾಮ ಮಹಾರಾಜರು ಫಾಲ್ಕೆಯವರಿಗೆ ಕರೆ ಕಳಿಸಿದರು. ಕೊಲ್ಲಾಪುರ ಸಿನೆಟೋನ್ ಎಂಬ ಸಂಸ್ಥೆಗೆ ಒಂದು ಚಿತ್ರ ಮಾಡಿಕೊಡಬೇಕಾಗಿತ್ತು. ಫಾಲ್ಕೆಯವರಿಗೆ 64 ವರ್ಷ. ಮೌನವನ್ನೇ ನುಡಿಯಾಗಿ ಮಾಡಿಕೊಂಡಿದ್ದ ಕಲಾವಿದನಿಗೆ ಮಾತಿನ ಯಂತ್ರ ಹೊಸದು. ಸೌಂಡ್ ಇಂಜಿನಿಯರ್ ಬೇಕು, ಸಂಗೀತ ನಿರ್ದೇಶಕ ಬೇಕು, ನೂರು ಜನರ ಒಪ್ಪಿಗೆ ಬೇಕು. ಮನೆಯವರೇ ಕಂಪನಿಯಾಗಿದ್ದ ಕಾಲ ಹಿಂದೆ ಉಳಿದಿತ್ತು. ಎರಡು ವರ್ಷ ದುಡಿದು, ಎರಡೂವರೆ ಲಕ್ಷ ರೂಪಾಯಿ ವೆಚ್ಚವಾಗಿ ‘ಗಂಗಾವತರಣ’ ಸಿದ್ಧವಾಯಿತು. 1937ರ ಆಗಸ್ಟ್ 6ರಂದು ಮುಂಬಯಿಯ ರಾಯಲ್ ಆಪೆರಾ ಹೌಸಿನಲ್ಲಿ ತೆರೆಕಂಡಿತು. ಫಾಲ್ಕೆಯವರು ಮೊದಲಿನಿಂದ ಮಾತಿಗಾಗಿಯೇ ತೆಗೆದ ಚಿತ್ರ ಅದೊಂದೇ; ಅದೇ ಕೊನೆಯದೂ ಆಯಿತು.

ನಾಸಿಕಕ್ಕೆ ಮರಳಿದ ಮೇಲೆ ಬಡತನವೇ ಜೊತೆ. 1939ರಲ್ಲಿ ಮುಂಬಯಿಯಲ್ಲಿ ಚಿತ್ರೋದ್ಯಮದ ಬೆಳ್ಳಿಹಬ್ಬ ನಡೆದಾಗ ಶಾಂತಾರಾಮರು ಮುಂದಾಗಿ ಅವರಿಗಾಗಿ ನಿಧಿ ಕೂಡಿಸಿದರು. ತೊಂಬತ್ತಕ್ಕೂ ಮಿಕ್ಕಿ ದೊಡ್ಡ ಚಿತ್ರಗಳನ್ನೂ ಇಪ್ಪತ್ತಕ್ಕೂ ಮಿಕ್ಕಿ ಚಿಕ್ಕ ಚಿತ್ರಗಳನ್ನೂ ತೆಗೆದಿದ್ದ ಆ ಹಿರಿಯರು 1944ರ ಫೆಬ್ರವರಿ 16ರಂದು ನಾಸಿಕದಲ್ಲಿ ತೀರಿಕೊಂಡರು. ಭಾರತ ಸರಕಾರ 1969ರಲ್ಲಿ ಅವರ ಹೆಸರಿನ ಪ್ರಶಸ್ತಿಯನ್ನು ಆರಂಭಿಸಿತು. ಹುಬ್ಬಳ್ಳಿಯ ತಗಡಿನ ಮಂದಿರದ ಶಾಂತಾರಾಮರಿಗೆ ಅದು 1985ರ ಸಾಲಿನಲ್ಲಿ ಬಂತು, ಕೊಲ್ಲಾಪುರದ ಭಾಲಜಿ ಪೆಂಢಾರಕರರಿಗೆ 1991ರ ಸಾಲಿನಲ್ಲಿ, ನಮ್ಮ ಡಾ. ರಾಜಕುಮಾರರಿಗೆ 1995ರ ಸಾಲಿನಲ್ಲಿ. ಮೈಸೂರಿನ ಛಾಯಾಗ್ರಾಹಕ ವಿ. ಕೆ. ಮೂರ್ತಿಯವರಿಗೆ 2008ರ ಸಾಲಿನಲ್ಲಿ.

ಆ ಕಾಲದ ಫಿಲ್ಮು ಬೇಗನೆ ಬೆಂಕಿಗೆ ತುತ್ತಾಗುವಂಥದು, ಇಟ್ಟಲ್ಲಿಯೇ ಕೊಳೆಯುವಂಥದು. ಫಾಲ್ಕೆಯವರ ಚಿತ್ರಗಳಲ್ಲಿ ಹೆಚ್ಚಿನವು ಹಾಗೆಯೇ ಹೋದವು. ಕುಣಿಯುವ ಬೆಂಕಿಕಡ್ಡಿಗಳೂ ಹೋದವು. ‘ಕಾಳಿಯ ಮರ್ದನ’ದ ಸುಮಾರು ಆರು ಸಾವಿರ ಅಡಿಗಳಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಅಡಿ ಉಳಿದಿದೆ. ಪುಣೆಯಲ್ಲಿ 1964ರಲ್ಲಿ ಆರಂಭವಾದ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯದವರು ಅದನ್ನು ಜೋಪಾನ ಮಾಡಿದ್ದಾರೆ. ಕಥೆ ಆರಂಭವಾಗುವ ಮೊದಲು ಅದರಲ್ಲಿ ಮಂದಾಕಿನಿಯ ಮುಖವೊಂದೇ ತೆರೆಯ ತುಂಬ ಕಾಣುತ್ತದೆ. ಏಳು ವರ್ಷದ ಬಾಲಿಕೆಯ ಭಾವಾಭಿನಯ ಎಂದು ತಂದೆ ಮೊದಲೇ ಬರೆಸಿ ತಿಳಿಸಿದ್ದಾರೆ. ಅವಳು ನಗುತ್ತಾಳೆ, ಸಿಟ್ಟಾಗುತ್ತಾಳೆ, ಅಳುಮೋರೆ ಮಾಡುತ್ತಾಳೆ, ಮತ್ತೆ ನಗುತ್ತಾಳೆ. ಸ್ವಲ್ಪ ಹೊತ್ತಿನ ಮೇಲೆ ಅದೇ ಮುಖ ಕೃಷ್ಣನ ವೇಷದಲ್ಲಿ ಬಂದು ಬೆಣ್ಣೆಯ ಗಡಿಗೆಯನ್ನು ಹುಡುಕಿಕೊಂಡು ಹೊರಡುತ್ತದೆ.